ಮೂರೂ ಟಿವಿ 4ಕೆ, ಹಾಗಾದರೆ ವ್ಯತ್ಯಾಸ ಎಲ್ಲಿದೆ?

ಪ್ರಶ್ನೆ: ನಮ್ಮ ಹಾಲ್‌ನಲ್ಲಿ ಸೋಫಾದಿಂದ ಟಿವಿ ಗೋಡೆಗೆ ಸುಮಾರು 8 ಅಡಿ ಇದೆ. ಬೆಳಗ್ಗೆ ನ್ಯೂಸ್, ಸಂಜೆ 6ರಿಂದ 10ರವರೆಗೆ ಅಮ್ಮನ ಧಾರಾವಾಹಿ, ಆಮೇಲೆ ನಮ್ಮ ಸಿನಿಮಾ, ರಜೆ ಬಂದರೆ ಮಗನ ಪಿಎಸ್5 ಗೇಮ್ ಕನ್ಸೋಲ್. ಟಿವಿಗೆ ಎದುರಾಗಿಯೇ ಕಿಟಕಿ ಇದೆ. 55 ಇಂಚಿನ ಮೂರು ಸೆಟ್ ನೋಡಿ ಬಂದೆವು: ಒಂದು ಸಾಮಾನ್ಯ ಎಲ್‌ಇಡಿ, ಒಂದು ಮಿನಿ ಎಲ್‌ಇಡಿ, ಒಂದು ಓಎಲ್‌ಇಡಿ. ಮೂರರ ಮೇಲೂ '4ಕೆ ಎಚ್‌ಡಿಆರ್' ಎಂದೇ ಬರೆದಿದೆ, ಬೆಲೆ ಮಾತ್ರ ಅಜಗಜಾಂತರ. ಅಂಗಡಿಯಲ್ಲಿ ಮೂರೂ ಚೆನ್ನಾಗಿಯೇ ಕಂಡವು. ಯಾವುದು ಒಳ್ಳೆಯದೆಂದು ಪರೀಕ್ಷಿಸಿ ನೋಡುವುದು ಹೇಗೆ? (ಓದುಗರು, ದಾವಣಗೆರೆ)

ಉತ್ತರ: ಅಂಗಡಿಯಲ್ಲಿ ಮೂರೂ ಚೆನ್ನಾಗಿ ಕಂಡದ್ದರಲ್ಲಿ ಆಶ್ಚರ್ಯವಿಲ್ಲ. ಅಲ್ಲಿ ಟಿವಿಗಳು ಓಡುವುದು ಸ್ಟೋರ್ ಮೋಡ್‌ನಲ್ಲಿ: ಬೆಳಕು ತುತ್ತತುದಿಗೆ, ಬಣ್ಣ ಗಾಢ, ಬಿಳಿಯಲ್ಲಿ ನೀಲಿಯ ಛಾಯೆ. ಹಾಕುವುದೂ ತಯಾರಕರೇ ಕೊಟ್ಟ ಹೂವು, ಜಲಪಾತ, ಹಣ್ಣುಗಳ ವಿಡಿಯೊ. ಆ ವಿಡಿಯೊದಲ್ಲಿ ಯಾವ ಟಿವಿಯೂ ಫೇಲ್ ಆಗುವುದಿಲ್ಲ. ನಿಮ್ಮ ಮನೆಯಲ್ಲಿ ದಿನಕ್ಕೆ ಐದಾರು ಗಂಟೆ ಓಡುವುದು ಅದಲ್ಲ, ಡಿಟಿಎಚ್ ನ್ಯೂಸ್ ಮತ್ತು ಧಾರಾವಾಹಿ.

ತೀರ್ಪು ಮೊದಲೇ ಹೇಳಿಬಿಡುತ್ತೇನೆ. ನಿಮ್ಮ ಕಿಟಕಿ, ನಿಮ್ಮ ನ್ಯೂಸ್, ನಿಮ್ಮ ಪಿಎಸ್5, ಮೂರನ್ನೂ ಸೇರಿಸಿ ನೋಡಿದರೆ ಮಿನಿ ಎಲ್‌ಇಡಿಯೇ ಸರಿ. ಆದರೆ ಆ ಹೆಸರಿನಲ್ಲಿ ಮಾರಾಟವಾಗುವುದೆಲ್ಲ ಒಂದೇ ಗುಣಮಟ್ಟದ್ದಲ್ಲ, ಆದ್ದರಿಂದ ಪರೀಕ್ಷೆ ತಪ್ಪುವುದಿಲ್ಲ.

ಮೊದಲು 4ಕೆ ಎಂಬ ಅಂಕಿಯನ್ನು ಬದಿಗಿಡಿ. 4ಕೆ ಎಂದರೆ ಅಡ್ಡಕ್ಕೆ 3840, ಉದ್ದಕ್ಕೆ 2160 ಚುಕ್ಕಿ, ಒಟ್ಟು ಸುಮಾರು 83 ಲಕ್ಷ. 55 ಇಂಚಿನ ಪರದೆಯ ಅಗಲ 122 ಸೆಂ.ಮೀ., ಹಾಗಾಗಿ ಒಂದು ಚುಕ್ಕಿ 0.32 ಮಿ.ಮೀ. ಬರುತ್ತದೆ. ಫುಲ್ ಎಚ್‌ಡಿ ಆಗಿದ್ದರೆ 0.64 ಮಿ.ಮೀ. ಸಾಮಾನ್ಯ ದೃಷ್ಟಿಯ ಕಣ್ಣು ಈ 0.64 ಮಿ.ಮೀ. ಚುಕ್ಕಿಗಳನ್ನು ಬಿಡಿಬಿಡಿಯಾಗಿ ಗುರುತಿಸುವುದು ಸುಮಾರು 7 ಅಡಿಯವರೆಗೆ ಮಾತ್ರ. ನೀವು ಕೂರುವುದು 8 ಅಡಿಯಲ್ಲಿ. ಅಂದರೆ ಬರೀ ಚುಕ್ಕಿಗಳ ಲೆಕ್ಕದಿಂದ ನಿಮ್ಮ ಸೋಫಾಗೆ ಸಿಗುವ ಲಾಭ ತೀರಾ ಅಲ್ಪ. ಕಣ್ಣಿಗೆ ಕಾಣುವ ವ್ಯತ್ಯಾಸ ಬರುವುದು ಕಪ್ಪು ಎಷ್ಟು ಕಪ್ಪು, ಬೆಳಕು ಎಷ್ಟು ಬೆಳಕು, ಕಳಪೆ ಸಿಗ್ನಲ್ಲನ್ನು ಟಿವಿ ಹೇಗೆ ಹಿಗ್ಗಿಸುತ್ತದೆ ಎಂಬುದರಿಂದ. 8 ಅಡಿಗೆ 65 ಇಂಚೂ ದೊಡ್ಡದೇನಲ್ಲ. ಸಿನಿಮಾ ನೋಡಲು ಪರದೆ ಕಣ್ಣಿನ ಮುಂದೆ ಕನಿಷ್ಠ 30 ಡಿಗ್ರಿಯಷ್ಟು ಹರಡಿರಬೇಕೆಂಬ ರೂಢಿಯಿದೆ. ಅದರ ಪ್ರಕಾರ 55 ಇಂಚಿಗೆ ಏಳೂವರೆ ಅಡಿ, 65 ಇಂಚಿಗೆ ಸುಮಾರು 9 ಅಡಿ ದೂರ ಸರಿಹೋಗುತ್ತದೆ. ಆದರೂ ಅದೇ ಹಣಕ್ಕೆ ಸಾಧಾರಣ 65 ಬೇಕೋ ಒಳ್ಳೆಯ 55 ಬೇಕೋ ಎಂದು ಕೇಳಿದರೆ ನನ್ನ ಮತ 55ಕ್ಕೆ.

ಈಗ ಮೂರು ಸೆಟ್‌ಗಳ ಒಳಗೆ ಏನಿದೆ ನೋಡೋಣ. ಸಾಮಾನ್ಯ ಎಲ್‌ಇಡಿ ಮತ್ತು ಮಿನಿ ಎಲ್‌ಇಡಿ ಎರಡೂ ಎಲ್‌ಸಿಡಿ ಟಿವಿಗಳೇ. ಹಿಂದೆ ಬೆಳಕು, ಮುಂದೆ ಅದನ್ನು ತಡೆಯುವ ಪದರ. ಆ ಪದರ ಬೆಳಕನ್ನು ಪೂರ್ತಿ ತಡೆಯಲಾರದು, ಆದ್ದರಿಂದ ಕತ್ತಲೆಯ ದೃಶ್ಯದಲ್ಲಿ ಕಪ್ಪು ಬೂದು ಬಣ್ಣಕ್ಕೆ ತಿರುಗುತ್ತದೆ. ಈ ಪದರದಲ್ಲಿ, ಅಂದರೆ ಪ್ಯಾನೆಲ್‌ನಲ್ಲಿ, ಮುಖ್ಯವಾಗಿ ಎರಡು ಬಗೆ. ಐಪಿಎಸ್ ಪ್ಯಾನೆಲ್‌ನಲ್ಲಿ ಬಿಳಿಗೂ ಕಪ್ಪಿಗೂ ಅನುಪಾತ 1000ಕ್ಕೆ 1ರ ಆಸುಪಾಸು, ವಿಎ ಪ್ಯಾನೆಲ್‌ನಲ್ಲಿ 3000ದಿಂದ 5000ಕ್ಕೆ 1. ಇದಕ್ಕೆ ಪ್ರತಿಯಾಗಿ ಐಪಿಎಸ್‌ನಲ್ಲಿ ಪಕ್ಕದಿಂದ ನೋಡಿದರೂ ಬಣ್ಣ ಉಳಿಯುತ್ತದೆ, ವಿಎಯಲ್ಲಿ ಮಸುಕಾಗುತ್ತದೆ. ಅಮ್ಮ ಕೂರುವುದು ಪಕ್ಕದ ದಿವಾನದ ಮೇಲಾದರೆ ಇದನ್ನು ಅಂಗಡಿಯಲ್ಲೇ ನಿಂತು ನೋಡಿ: ಪರದೆಯ ಎದುರಿನಿಂದ ನಾಲ್ಕು ಹೆಜ್ಜೆ ಪಕ್ಕಕ್ಕೆ ಸರಿದು, ಮುಖದ ಬಣ್ಣ ಬಿಳಿಚಿಕೊಳ್ಳುತ್ತದೆಯೇ ಗಮನಿಸಿ. 'ಕ್ಯೂಎಲ್‌ಇಡಿ' ಎಂಬ ಹೆಸರಿಗೆ ಮರುಳಾಗಬೇಡಿ. ಅದು ಬಣ್ಣ ಹೆಚ್ಚಿಸುವ ಒಂದು ಪದರ ಸೇರಿಸಿದ ಎಲ್‌ಸಿಡಿ ಅಷ್ಟೆ, ಕಪ್ಪಿನ ವಿಷಯಕ್ಕೂ ಅದಕ್ಕೂ ಸಂಬಂಧವಿಲ್ಲ.

ಮಿನಿ ಎಲ್‌ಇಡಿಯಲ್ಲಿ ಹಿಂದಿನ ಬೆಳಕು ನೂರಾರು ವಲಯಗಳಾಗಿ ಒಡೆದಿರುತ್ತದೆ. ಕತ್ತಲೆ ಇರುವ ಕಡೆ ದೀಪ ಆರುತ್ತದೆ, ಬೆಳಕಿರುವ ಕಡೆ ಉರಿಯುತ್ತದೆ. ಆದರೆ 500 ವಲಯ ಇದ್ದರೂ ಒಂದೊಂದು ವಲಯದ ಪಾಲಿಗೆ 16 ಸಾವಿರಕ್ಕೂ ಹೆಚ್ಚು ಚುಕ್ಕಿ ಬರುತ್ತದೆ. ಆದ್ದರಿಂದ ಕಪ್ಪು ಆಕಾಶದಲ್ಲಿ ಚಂದ್ರನಿದ್ದರೆ ಅವನ ಸುತ್ತ ಮಂಜಿನ ಬಳೆಯೊಂದು ಕಾಣಬಹುದು. ವಲಯ ಎಷ್ಟು ಎಂದು ಮಾರಾಟದವರನ್ನು ಕೇಳಿ ನೋಡಿ, ಉತ್ತರ ಸಿಗುವುದು ಅಪರೂಪ. ಹಾಗಾಗಿ ಕಣ್ಣಲ್ಲೇ ಅಳೆಯಬೇಕು. ಓಎಲ್‌ಇಡಿಯಲ್ಲಿ ಪ್ರತಿ ಚುಕ್ಕಿಯೂ ತಾನೇ ಉರಿದು ತಾನೇ ಆರುತ್ತದೆ, ಬಳೆಯ ಮಾತೇ ಇಲ್ಲ. ಕತ್ತಲೆ ಕೋಣೆಯಲ್ಲಿ ಸಿನಿಮಾ ಮಾತ್ರ ನೋಡುವವರಾಗಿದ್ದರೆ ನಾನು ಬೇರೆ ಯೋಚನೆ ಮಾಡದೆ ಅದನ್ನೇ ಹೇಳುತ್ತಿದ್ದೆ.

ಪರೀಕ್ಷೆಗೆ ಅಂಗಡಿಗೆ ಹೋಗುವಾಗ ಒಂದು ಪೆನ್‌ಡ್ರೈವ್ ಜೇಬಿನಲ್ಲಿರಲಿ. ಅದು ಎಫ್‌ಎಟಿ32 ಆಗಿದ್ದರೆ 4 ಜಿಬಿಗಿಂತ ದೊಡ್ಡ ಫೈಲ್ ಕೂರುವುದಿಲ್ಲ, ಆದ್ದರಿಂದ ಎಕ್ಸ್‌ಫ್ಯಾಟ್‌ಗೆ ಫಾರ್ಮ್ಯಾಟ್ ಮಾಡಿಕೊಳ್ಳಿ. ಅದರಲ್ಲಿ ಇರಬೇಕಾದ್ದು: ರಾತ್ರಿಯ ದೃಶ್ಯವಿರುವ ಒಂದು ಎಚ್‌ಡಿಆರ್ (ಕತ್ತಲೆ-ಬೆಳಕಿನ ಅಂತರವನ್ನು ಹೆಚ್ಚು ಹಿಡಿದಿಟ್ಟ) ತುಣುಕು, ಕ್ಯಾಮೆರಾ ನಿಧಾನವಾಗಿ ಅಡ್ಡಕ್ಕೆ ಚಲಿಸುವ ಒಂದು ತುಣುಕು, ಮನುಷ್ಯರ ಮುಖ ಹತ್ತಿರದಿಂದ ಕಾಣುವ ಒಂದು ತುಣುಕು, ಕಪ್ಪು ಹಿನ್ನೆಲೆಯ ಮೇಲೆ ಬಿಳಿ ಅಕ್ಷರ, ಮತ್ತು ಪೂರ್ತಿ ಬೂದು ಬಣ್ಣದ ಒಂದು ಚಿತ್ರ. ಟಿವಿಯನ್ನು ಹೋಮ್ ಮೋಡ್‌ಗೆ ಹಾಕಿ, ಪಿಕ್ಚರ್ ಮೋಡ್‌ನಲ್ಲಿ ಫಿಲ್ಮ್‌ಮೇಕರ್, ಸಿನಿಮಾ ಅಥವಾ ಮೂವಿ ಆಯ್ಕೆ ಮಾಡಿಸಿ. ಪರದೆ ತಕ್ಷಣ ಮಂಕಾಗಿ, ಹಳದಿಯಾಗಿ ಕಾಣುತ್ತದೆ. 'ನೋಡಿ ಸರ್, ಹಾಳಾಯ್ತು' ಎನ್ನುತ್ತಾರೆ. ಹಾಳಾಗಿಲ್ಲ. ಸಿನಿಮಾಗೆ ಬಣ್ಣ ಕೂಡಿಸುವ ಸ್ಟುಡಿಯೊಗಳಲ್ಲಿ ಬಿಳಿ ಎಂದರೆ 6500 ಕೆಲ್ವಿನ್‌ನ ಬಿಳಿ, ಇದು ಅದಕ್ಕೆ ಹತ್ತಿರ. ಹತ್ತು ನಿಮಿಷ ನೋಡಿದರೆ ಕಣ್ಣು ಹೊಂದಿಕೊಳ್ಳುತ್ತದೆ, ಆಮೇಲೆ ಹಳೆಯ ಮೋಡ್‌ಗೆ ಹೋದರೆ ಅದೇ ನೀಲಿ ಎನಿಸುತ್ತದೆ.

ಸಿನಿಮಾದ ಪರೀಕ್ಷೆ ಸುಲಭ, ಯಾಕೆಂದರೆ ಅಗಲ ಪರದೆಯ ಸಿನಿಮಾಗಳೇ ಪರೀಕ್ಷೆಯ ಸಾಧನ. 2.39ಕ್ಕೆ 1ರ ಅನುಪಾತದ ಚಿತ್ರ ಟಿವಿಯ ಎತ್ತರದ ಮುಕ್ಕಾಲು ಭಾಗವನ್ನಷ್ಟೇ ತುಂಬುತ್ತದೆ, ಉಳಿದದ್ದು ಮೇಲೆ ಕೆಳಗೆ ಕಪ್ಪು ಪಟ್ಟಿ. ದೀಪ ಆರಿಸಿದ ಮೇಲೆ ಆ ಪಟ್ಟಿ ಟಿವಿಯ ಚೌಕಟ್ಟಿನೊಂದಿಗೆ ಬೆರೆತುಹೋದರೆ ಉತ್ತಮ, ಬೂದು ಹೊಗೆಯಂತೆ ಕಂಡರೆ ಸಾಧಾರಣ, ದೃಶ್ಯ ಬದಲಾದಂತೆಲ್ಲ ಪಟ್ಟಿಯ ಬೆಳಕು ಏರಿಳಿದರೆ ವಲಯಗಳ ಹತೋಟಿ ಸರಿಯಿಲ್ಲ. ಬಿಳಿ ಸಬ್‌ಟೈಟಲ್ ಬಂದಾಗ ಅದರ ಸುತ್ತ ಬೆಳಕು ಹರಡುವುದನ್ನೂ ಗಮನಿಸಿ. ಅಂಗಡಿಯ ಬೆಳಕಿನಲ್ಲಿ ಇದು ಕಾಣಲಾರದು. ಎರಡು ಅಂಗೈಗಳನ್ನು ದುರ್ಬೀನಿನಂತೆ ಕಣ್ಣಿಗೆ ಹಿಡಿದು ನೋಡಿದರೆ ಅಷ್ಟಿಷ್ಟು ತಿಳಿಯುತ್ತದೆ.

ಎಚ್‌ಡಿಆರ್ ಎಂಬ ಮುದ್ರೆಯ ಬಗ್ಗೆ ಒಂದು ಮಾತು. ಆ ಸಿಗ್ನಲ್ಲನ್ನು ಓದಬಲ್ಲ ಟಿವಿಯೂ ಅದನ್ನು ತೋರಿಸಬಲ್ಲ ಟಿವಿಯೂ ಬೇರೆ ಬೇರೆ. ಎಚ್‌ಡಿಆರ್ ಚಿತ್ರಗಳನ್ನು ಸಾಮಾನ್ಯವಾಗಿ 1000 ನಿಟ್ಸ್ (ಪರದೆಯ ಬೆಳಕಿನ ಅಳತೆ) ಬೆಳಕಿನ ಮಾನಿಟರ್‌ನಲ್ಲಿ ಸಿದ್ಧಪಡಿಸುತ್ತಾರೆ. ಅಗ್ಗದ ಎಲ್‌ಇಡಿ ಸೆಟ್ 300ರ ಆಸುಪಾಸಿನಲ್ಲೇ ನಿಂತುಬಿಡುತ್ತದೆ, ಅದಕ್ಕೇ ಅದರಲ್ಲಿ ಎಚ್‌ಡಿಆರ್ ಹಾಕಿದರೆ ಚಿತ್ರ ಬೆಳಗುವ ಬದಲು ಕತ್ತಲಾಗುತ್ತದೆ. 'ಎಚ್‌ಡಿಆರ್ ಬಂದರೆ ಏನೂ ಕಾಣಲ್ಲ' ಎಂಬ ದೂರಿನ ಮೂಲ ಬಹುಪಾಲು ಇದೇ. ಒಳ್ಳೆಯ ಮಿನಿ ಎಲ್‌ಇಡಿ 1000 ನಿಟ್ಸ್ ದಾಟುತ್ತದೆ. ಎಚ್‌ಡಿಆರ್‌ನದೇ ಒಂದು ಬಗೆಯಾದ ಡಾಲ್ಬಿ ವಿಷನ್ ಇದ್ದರೆ ದೃಶ್ಯದಿಂದ ದೃಶ್ಯಕ್ಕೆ ಹೊಂದಾಣಿಕೆ ಸಿಗುತ್ತದೆ. ಸ್ಯಾಮ್‌ಸಂಗ್ ಸೆಟ್‌ಗಳಲ್ಲಿ ಅದು ಇಲ್ಲ, ಬದಲಿಗೆ ಎಚ್‌ಡಿಆರ್10 ಪ್ಲಸ್ ಇದೆ. ಮುದ್ರೆ ಯಾವುದು ಎನ್ನುವುದಕ್ಕಿಂತ ಪ್ಯಾನೆಲ್‌ಗೆ ತಾಕತ್ತು ಇದೆಯೇ ಎನ್ನುವುದು ಮುಖ್ಯ.

ಗೇಮಿಂಗ್‌ನಲ್ಲಿ ಅಂಕಿಗಳ ಮೋಸ ಹೆಚ್ಚು. ಪಿಎಸ್5 ಸೆಕೆಂಡಿಗೆ 120 ಫ್ರೇಮ್‌ವರೆಗೆ 4ಕೆ ಕಳಿಸಬಲ್ಲದು. ಅದನ್ನು ತೋರಿಸಲು ಪ್ಯಾನೆಲ್ ನಿಜವಾಗಿಯೂ 120 ಹರ್ಟ್ಸ್‌ನದ್ದಾಗಿರಬೇಕು (ಅಂದರೆ ಸೆಕೆಂಡಿಗೆ 120 ಸಲ ಚಿತ್ರ ಬದಲಿಸಬೇಕು), ಎಚ್‌ಡಿಎಂಐ ಪೋರ್ಟ್‌ಗೂ ಆ ಸಾಮರ್ಥ್ಯ ಇರಬೇಕು. ಪೆಟ್ಟಿಗೆಯ ಮೇಲಿನ 'ಮೋಷನ್ ರೇಟ್ 240' ಎಂಬುದು ಮಾರಾಟದ ಅಂಕಿ, ಪ್ಯಾನೆಲ್ 60 ಹರ್ಟ್ಸ್ ಇರಬಹುದು. '120 ಹರ್ಟ್ಸ್ ಡಿಎಲ್‌ಜಿ' ಎಂದಿದ್ದರೆ ಅದು 60 ಹರ್ಟ್ಸ್ ಪ್ಯಾನೆಲ್ಲೇ. ಎರಡೆರಡು ಸಾಲನ್ನು ಒಟ್ಟಿಗೆ ಬರೆದು, ಅಂದರೆ ಉದ್ದದ ಸ್ಪಷ್ಟತೆ ಅರ್ಧ ಮಾಡಿಕೊಂಡು, 120ಕ್ಕೆ ಏರುತ್ತದೆ. 'ಎಚ್‌ಡಿಎಂಐ 2.1' ಎಂಬ ಬರಹವೂ ಸಾಲದು. ಆ ಹೆಸರಿನಡಿ ಬರುವ ಸೌಲಭ್ಯಗಳಲ್ಲಿ ಒಂದೆರಡನ್ನು ಮಾತ್ರ ಕೊಟ್ಟರೂ ಹಾಗೆ ಬರೆದುಕೊಳ್ಳಬಹುದು. ಕೇಳಬೇಕಾದ ಪ್ರಶ್ನೆ ಒಂದೇ: ಯಾವ ಪೋರ್ಟ್‌ನಲ್ಲಿ 4ಕೆ 120 ಹರ್ಟ್ಸ್ ಮತ್ತು ವಿಆರ್‌ಆರ್ (ಗೇಮ್‌ನ ಫ್ರೇಮ್ ವೇಗಕ್ಕೆ ಪರದೆಯೂ ಹೊಂದಿಕೊಳ್ಳುವುದು) ಎರಡೂ ಸಿಗುತ್ತವೆ?

ಆ ಪೋರ್ಟ್ ಯಾವುದು ಎನ್ನುವುದರಲ್ಲೂ ಒಂದು ತೊಡಕಿದೆ. ಹಲವು ಸೆಟ್‌ಗಳಲ್ಲಿ ಇಂಥ ಪೋರ್ಟ್ ಎರಡೇ, ಅದರಲ್ಲೊಂದು ಸೌಂಡ್‌ಬಾರ್ ಜೋಡಿಸುವ ಇಎಆರ್‌ಸಿ ಪೋರ್ಟ್. ನಿಮಗಿರುವುದು ಒಂದೇ ಕನ್ಸೋಲ್, ಹಾಗಾಗಿ ಸಾಕು. ಒಂದೇ ಪೋರ್ಟ್ ಇದ್ದು ಅದೇ ಇಎಆರ್‌ಸಿ ಆಗಿದ್ದರೆ ಮಾತ್ರ ಸೌಂಡ್‌ಬಾರೋ ಪಿಎಸ್5ಓ ಎಂಬ ಜಗಳ ಶುರುವಾಗುತ್ತದೆ. ಕೊಳ್ಳುವ ಮೊದಲೇ ಟಿವಿಯ ಹಿಂದೆ ಬಗ್ಗಿ ಪೋರ್ಟ್‌ಗಳ ಪಕ್ಕದ ಸಣ್ಣ ಅಕ್ಷರ ಓದಿ.

ಮನೆಗೆ ತಂದು ಪಿಎಸ್5 ಜೋಡಿಸಿದ ಮೇಲೂ 120 ಬರುತ್ತಿಲ್ಲ ಎಂದರೆ ಟಿವಿ ಕೆಟ್ಟಿದೆ ಎಂದುಕೊಳ್ಳಬೇಡಿ. ಹಲವು ಟಿವಿಗಳಲ್ಲಿ ಆ ಪೋರ್ಟ್‌ನ ಪೂರ್ತಿ ವೇಗ ಕಾರ್ಖಾನೆಯಿಂದಲೇ ಆಫ್ ಆಗಿರುತ್ತದೆ. ಸೋನಿಯಲ್ಲಿ 'ಎನ್‌ಹ್ಯಾನ್ಸ್ಡ್ ಫಾರ್ಮ್ಯಾಟ್', ಸ್ಯಾಮ್‌ಸಂಗ್‌ನಲ್ಲಿ 'ಇನ್‌ಪುಟ್ ಸಿಗ್ನಲ್ ಪ್ಲಸ್', ಎಲ್‌ಜಿಯಲ್ಲಿ 'ಡೀಪ್ ಕಲರ್', ಹೀಗೆ ಒಂದೊಂದು ಕಂಪನಿಗೆ ಒಂದೊಂದು ಹೆಸರು. ಅದನ್ನು ಆನ್ ಮಾಡಿ, ಪಿಎಸ್5ರ ಜೊತೆ ಬಂದ ಕೇಬಲನ್ನೇ ಬಳಸಿ, ಹಳೆಯ ಸೆಟ್‌ಟಾಪ್ ಬಾಕ್ಸ್‌ನ ಕೇಬಲ್ ಬೇಡ. ಪಿಎಸ್5ರ ಸ್ಕ್ರೀನ್ ಆ್ಯಂಡ್ ವಿಡಿಯೊ ಪುಟದಲ್ಲಿ 120 ಹರ್ಟ್ಸ್ ಮತ್ತು ವಿಆರ್‌ಆರ್ ಎರಡನ್ನೂ ಆಟೊಮ್ಯಾಟಿಕ್‌ಗೆ ಇಟ್ಟು, ಗೇಮ್ ಪ್ರಿಸೆಟ್‌ನಲ್ಲಿ ಪರ್ಫಾರ್ಮೆನ್ಸ್ ಮೋಡ್ ಆರಿಸಿ. 120 ಬೆಂಬಲಿಸುವ ಗೇಮ್ ಆಗಿದ್ದರಷ್ಟೇ 120 ಬರುತ್ತದೆ. ನಂತರ ಅಡ್ಜಸ್ಟ್ ಎಚ್‌ಡಿಆರ್ ಪರದೆಗಳನ್ನು ಮುಗಿಸಿ. ಟಿವಿಯಲ್ಲಿ ಎಚ್‌ಜಿಐಜಿ ಎಂಬ ಆಯ್ಕೆ (ಎಚ್‌ಡಿಆರ್ ಬೆಳಕಿನ ಹೊಂದಾಣಿಕೆಯನ್ನು ಗೇಮ್‌ಗೇ ಬಿಡುವುದು) ಇದ್ದರೆ ಅದನ್ನು ಮೊದಲೇ ಹಾಕಿಕೊಂಡು, ಪರದೆಯ ಗುರುತು ಕಂಡೂ ಕಾಣದಂತಾಗುವ ಹಂತಕ್ಕೆ ತಂದು ನಿಲ್ಲಿಸಬೇಕು. ಇದನ್ನು ಬಿಟ್ಟುಬಿಟ್ಟರೆ ಮೋಡ, ಬೆಂಕಿ, ಸೂರ್ಯ ಎಲ್ಲ ಬರೀ ಬಿಳಿ ಮುದ್ದೆಯಾಗುತ್ತವೆ.

ಬಟನ್ ಒತ್ತಿದ್ದಕ್ಕೂ ಪರದೆಯ ಮೇಲೆ ಪಾತ್ರ ಜಿಗಿದದ್ದಕ್ಕೂ ನಡುವಿನ ವಿಳಂಬವನ್ನು ಯಂತ್ರವಿಲ್ಲದೆಯೂ ಅಂದಾಜಿಸಬಹುದು. ಫೋನಿನ ಸ್ಲೋ ಮೋಷನ್ ಕ್ಯಾಮೆರಾ ಸೆಕೆಂಡಿಗೆ 240 ಫ್ರೇಮ್ ಹಿಡಿಯುವಂಥದ್ದಾದರೆ ಒಂದು ಫ್ರೇಮ್ ಎಂದರೆ ಸುಮಾರು 4 ಮಿಲಿಸೆಕೆಂಡ್. ಕಂಟ್ರೋಲರ್‌ನ ಬೆರಳೂ ಪರದೆಯೂ ಒಟ್ಟಿಗೆ ಕಾಣುವಂತೆ ಚಿತ್ರೀಕರಿಸಿ, ಒತ್ತಿದ ಫ್ರೇಮ್‌ನಿಂದ ಜಿಗಿದ ಫ್ರೇಮ್‌ವರೆಗೆ ಎಣಿಸಿ. ಇದರಲ್ಲಿ ಆಟದ ಸ್ವಂತ ವಿಳಂಬವೂ ಸೇರಿರುತ್ತದೆ, ಆದ್ದರಿಂದ ಗೇಮ್ ಮೋಡ್ ಹಾಕಿ ಒಮ್ಮೆ, ತೆಗೆದು ಒಮ್ಮೆ ಎಣಿಸಿ ವ್ಯತ್ಯಾಸ ನೋಡಿ. ಒಳ್ಳೆಯ ಸೆಟ್ ಗೇಮ್ ಮೋಡ್‌ನಲ್ಲಿ 60 ಹರ್ಟ್ಸ್‌ಗೆ 10ರಿಂದ 15 ಮಿಲಿಸೆಕೆಂಡ್‌ಗೆ ಇಳಿಯುತ್ತದೆ, ಅಂದರೆ ಒಂದು ಫ್ರೇಮ್‌ಗಿಂತ ಕಡಿಮೆ. ಬೇರೆ ಮೋಡ್‌ಗಳಲ್ಲಿ ಅದು 50 ದಾಟಿ 100ರವರೆಗೂ ಹೋಗಬಹುದು. ಕ್ರಿಕೆಟ್ ಗೇಮ್‌ನಲ್ಲಿ ಬ್ಯಾಟ್ ಬೀಸುವಷ್ಟರಲ್ಲಿ ಚೆಂಡು ಕೀಪರ್ ಕೈಗೆ ಹೋಗಿರುತ್ತದೆ ಎಂದು ಮಗ ಗೊಣಗಿದರೆ ಕಾರಣ ಇದೇ. ಇನ್ನೆರಡು ಗಮನಿಸಿ: ಗೇಮ್ ಮೋಡ್‌ನಲ್ಲಿ ಕೆಲವು ಮಿನಿ ಎಲ್‌ಇಡಿ ಸೆಟ್‌ಗಳು ವಲಯಗಳ ಕೆಲಸವನ್ನು ಸಡಿಲಿಸುತ್ತವೆ, ಕಪ್ಪು ಮತ್ತೆ ಬೂದು ಬಣ್ಣಕ್ಕೆ ತಿರುಗುತ್ತದೆ. ವಿಎ ಪ್ಯಾನೆಲ್‌ನಲ್ಲಿ ರಾತ್ರಿಯ ದೃಶ್ಯದಲ್ಲಿ ಓಡುವ ವಸ್ತುವಿನ ಹಿಂದೆ ಮಸಿ ಬಳಿದಂಥ ಬಾಲ ಕಾಣಬಹುದು. ಎರಡೂ ಸೆಟ್ಟಿಂಗ್‌ನಿಂದ ಪೂರ್ತಿ ಹೋಗುವಂಥವಲ್ಲ, ಕೊಳ್ಳುವ ಮೊದಲೇ ಕಣ್ಣಿಗೆ ಒಪ್ಪಿಗೆಯೇ ನೋಡಬೇಕು.

ಇನ್ನು ದಿನಬಳಕೆ. ಅತಿ ಕಷ್ಟದ ಪರೀಕ್ಷೆ ಅಮ್ಮನ ಧಾರಾವಾಹಿಯೇ. ಎಸ್‌ಡಿ ಚಾನೆಲ್ ಎಂದರೆ ಹೆಚ್ಚೆಂದರೆ 720ಕ್ಕೆ 576, ಸುಮಾರು 4 ಲಕ್ಷ ಚುಕ್ಕಿ. ಅದನ್ನು 83 ಲಕ್ಷಕ್ಕೆ ಹಿಗ್ಗಿಸಬೇಕು. ಒಂದಿದ್ದಲ್ಲಿ ಇಪ್ಪತ್ತು, ಉಳಿದ ಹತ್ತೊಂಬತ್ತನ್ನು ಟಿವಿ ಊಹಿಸಬೇಕು. ಅಗ್ಗದ ಸೆಟ್‌ಗಳಲ್ಲಿ ಮುಖ ಮೇಣದ ಗೊಂಬೆಯಾಗುವುದು, ಸೀರೆಯ ಜರಿ ಕುದಿಯುವುದು ಇದರಿಂದಲೇ. ಅಂಗಡಿಯಲ್ಲಿ ಡಿಟಿಎಚ್ ಸಂಪರ್ಕವಿದ್ದರೆ ಒಂದು ಕನ್ನಡ ಎಸ್‌ಡಿ ಚಾನೆಲ್ ಹಾಕಿಸಿ, 8 ಅಡಿ ಹಿಂದೆ ನಿಂತು ಐದು ನಿಮಿಷ ನೋಡಿ. ಈ ಒಂದು ಪರೀಕ್ಷೆ ಎಷ್ಟೋ ಬ್ರೋಷರ್‌ಗಳಿಗಿಂತ ಮೇಲು. ಮನೆಯಲ್ಲಿ ಇನ್ನೂ ಕೆಂಪು-ಬಿಳಿ-ಹಳದಿ ತಂತಿಯ ಎಸ್‌ಡಿ ಬಾಕ್ಸ್ ಇದ್ದರೆ ಟಿವಿ ಜೊತೆಗೇ ಎಚ್‌ಡಿ ಬಾಕ್ಸ್‌ಗೆ ಬದಲಿಸಿ, ಎಚ್‌ಡಿಎಂಐನಲ್ಲಿ ಜೋಡಿಸಿ. ನೋಡುವ ಚಾನೆಲ್‌ನ ಎಚ್‌ಡಿ ರೂಪ ಪ್ಯಾಕ್‌ನಲ್ಲಿದೆಯೇ ಎಂದೂ ನೋಡಿ. ಬಾಕ್ಸ್‌ನ ಔಟ್‌ಪುಟ್ 1080ಐ, 50 ಹರ್ಟ್ಸ್ ಇರಲಿ. ನಮ್ಮ ಪ್ರಸಾರ 50ರ ಲೆಕ್ಕದ್ದು. ಅದನ್ನು 60ಕ್ಕೆ ಬದಲಿಸಿದರೆ ಕೆಳಗೆ ಓಡುವ ಸುದ್ದಿಪಟ್ಟಿ ಮುಗ್ಗರಿಸುತ್ತದೆ.

ಆ ಸುದ್ದಿಪಟ್ಟಿಯೇ ಓಎಲ್‌ಇಡಿ ಬೇಡವೆಂದದ್ದಕ್ಕೆ ಮೊದಲ ಕಾರಣ. ನಮ್ಮ ನ್ಯೂಸ್ ಚಾನೆಲ್‌ಗಳಲ್ಲಿ ಪರದೆಯ ಕೆಳಭಾಗ ದಿನವಿಡೀ ಕೆಂಪು, ಹಳದಿ ಪಟ್ಟಿಗಳಿಗೇ ಮೀಸಲು. ಒಂದೇ ಜಾಗದಲ್ಲಿ ಒಂದೇ ಗಾಢ ಬಣ್ಣ ವರ್ಷಗಟ್ಟಲೆ ಉರಿದರೆ ಅಲ್ಲಿನ ಚುಕ್ಕಿಗಳು ಬೇಗ ಸವೆದು ಪಟ್ಟಿಯ ನೆರಳು ಉಳಿದುಬಿಡುತ್ತದೆ. ಎರಡನೆಯ ಕಾರಣ ನಮ್ಮ ಅಭ್ಯಾಸ: ಮಲಗುವ ಮುಂಚೆ ಗೋಡೆಯ ಸ್ವಿಚ್ ಆರಿಸುವುದು. ಓಎಲ್‌ಇಡಿ ತನ್ನ ಸವೆತವನ್ನು ಸರಿದೂಗಿಸಿಕೊಳ್ಳುವುದು ರಿಮೋಟ್‌ನಿಂದ ಆಫ್ ಮಾಡಿದ ಮೇಲೆ, ಸ್ಟ್ಯಾಂಡ್‌ಬೈನಲ್ಲಿ. ಕರೆಂಟೇ ಇಲ್ಲದಿದ್ದರೆ ಆ ಕೆಲಸ ನಡೆಯುವುದಿಲ್ಲ. ಮೂರನೆಯದು ಎದುರಿನ ಕಿಟಕಿ. ಓಎಲ್‌ಇಡಿ ಪೂರ್ತಿ ಬಿಳಿ ಪರದೆಯಲ್ಲಿ ತಾನಾಗಿಯೇ ಬೆಳಕು ತಗ್ಗಿಸುತ್ತದೆ. ಕ್ಯೂಡಿ-ಓಎಲ್‌ಇಡಿ ಜಾತಿಯದ್ದಾದರೆ ಹಗಲು ಬೆಳಕಿನಲ್ಲಿ ಅದರ ಕಪ್ಪು ನಸು ನೇರಳೆ ಬೂದು ಬಣ್ಣಕ್ಕೆ ತಿರುಗುತ್ತದೆ. ಯಾವ ಟಿವಿ ತಂದರೂ ಆ ಕಿಟಕಿಗೆ ದಪ್ಪ ಕರ್ಟನ್ ಹಾಕಿ. ಆಫ್ ಮಾಡಿದ ಟಿವಿಯಲ್ಲಿ ನಿಮ್ಮ ಮುಖ ಎಷ್ಟು ಸ್ಪಷ್ಟವಾಗಿ ಕಾಣುತ್ತದೆ ಎನ್ನುವುದೂ ಅಂಗಡಿಯಲ್ಲೇ ಮಾಡಬಹುದಾದ ಪರೀಕ್ಷೆ.

ಸ್ಮಾರ್ಟ್ ಭಾಗದ ಬಗ್ಗೆ ಹೆಚ್ಚು ಹೇಳುವುದಿಲ್ಲ. 2 ಜಿಬಿ ರ್‍ಯಾಮ್‌ನ ಸೆಟ್‌ಗಳು ಎರಡು ವರ್ಷಕ್ಕೆ ತಡವರಿಸತೊಡಗುತ್ತವೆ. ಆಗ ಹೊರಗಿನ ಸ್ಟಿಕ್ ಒಂದನ್ನು ಚುಚ್ಚಿಕೊಂಡರಾಯಿತು, ಪ್ಯಾನೆಲ್ ಮಾತ್ರ ಬದಲಿಸಲಾಗದು. ಶಬ್ದವೂ ಅಷ್ಟೆ: ತೆಳ್ಳನೆಯ ಟಿವಿಯ 20 ವ್ಯಾಟ್ ಸ್ಪೀಕರ್ ಕೆಳಮುಖವಾಗಿರುತ್ತದೆ, ಮಾತು ಗೊಗ್ಗರಾಗುತ್ತದೆ. ಸಿನಿಮಾಗಾಗಿ ಸೌಂಡ್‌ಬಾರ್‌ಗೆ ಮೊದಲೇ ಸ್ವಲ್ಪ ಹಣ ತೆಗೆದಿಡಿ. ಓಟಿಟಿಯ ಅಟ್ಮಾಸ್ (ಸುತ್ತಲಿಂದ ಕೇಳಿಸುವ ಡಾಲ್ಬಿ ಶಬ್ದ) ಹಳೆಯ ಎಆರ್‌ಸಿಯಲ್ಲೂ ಹೋಗುತ್ತದೆ, ಆಪ್ಟಿಕಲ್ ತಂತಿಯಲ್ಲಿ ಹೋಗುವುದಿಲ್ಲ. ನೆಟ್‌ಫ್ಲಿಕ್ಸ್‌ನಲ್ಲಿ 4ಕೆ ಬೇಕಾದರೆ ಪ್ರೀಮಿಯಂ ಪ್ಲಾನೂ 15 ಎಂಬಿಪಿಎಸ್ ವೇಗವೂ ಬೇಕು. ಕೆಳಗಿನ ಪ್ಲಾನ್ ಇಟ್ಟುಕೊಂಡು ಟಿವಿಯನ್ನು ಬೈಯುವವರು ಬಹಳ.

ಟಿವಿ ಮನೆಗೆ ಬಂದ ದಿನವೇ ಗೋಡೆಗೆ ಹಾಕಿಸಬೇಡಿ. ಅದರದ್ದೇ ಕಾಲಿನ ಮೇಲೆ ಮೇಜಿನಲ್ಲಿ ನಿಲ್ಲಿಸಿ. ಪೆಟ್ಟಿಗೆ ತೆರೆಯುವುದನ್ನು ವಿಡಿಯೊ ಮಾಡಿಕೊಳ್ಳಿ, ಬದಲಿ ಕೊಡುವ ಅವಧಿ ಎಷ್ಟು ದಿನ ಎಂದು ಬಿಲ್ಲಿನಲ್ಲಿ ಬರೆಸಿಕೊಳ್ಳಿ. ರಾತ್ರಿ ದೀಪ ಆರಿಸಿ ಪೂರ್ತಿ ಕಪ್ಪು, ಕೆಂಪು, ಹಸಿರು, ನೀಲಿ, ಬಿಳಿ ಪರದೆಗಳನ್ನು ಒಂದೊಂದಾಗಿ ಹಾಕಿ, ಸತ್ತ ಅಥವಾ ಸದಾ ಉರಿಯುವ ಚುಕ್ಕಿ ಹುಡುಕಿ. ಕಪ್ಪಿನಲ್ಲಿ ನಾಲ್ಕು ಮೂಲೆಗಳಿಂದ ಬೆಳಕು ಸೋರುತ್ತದೆಯೇ ನೋಡಿ. ಬೂದು ಪರದೆಯಲ್ಲಿ ಕೊಳಕು ಬಟ್ಟೆಯಿಂದ ಒರೆಸಿದಂಥ ಕಲೆಯೋ ಉದ್ದ ಪಟ್ಟೆಯೋ ಕಂಡರೆ, ಕ್ರಿಕೆಟ್‌ನಲ್ಲಿ ಕ್ಯಾಮೆರಾ ಹಸಿರು ಮೈದಾನದ ಮೇಲೆ ಓಡಿದಾಗೆಲ್ಲ ಅದೇ ಕಲೆ ಕಾಣುತ್ತದೆ. ಸ್ವಲ್ಪ ಕಲೆ ಎಲ್ಲ ಎಲ್‌ಸಿಡಿಯಲ್ಲೂ ಇರುತ್ತದೆ, ನಡುಮಧ್ಯದಲ್ಲಿ ಎದ್ದುಕಂಡರೆ ಬದಲಿಸಿ ಎಂದು ಕೇಳಲು ಹಿಂಜರಿಯಬೇಡಿ. ನೆಟ್‌ಫ್ಲಿಕ್ಸ್‌ನಲ್ಲಿ 'ಟೆಸ್ಟ್ ಪ್ಯಾಟರ್ನ್ಸ್' ಎಂದು ಹುಡುಕಿದರೂ ಪರೀಕ್ಷೆಯ ಚಿತ್ರಗಳು ಸಿಗುತ್ತವೆ.

ಸೆಟ್ಟಿಂಗ್‌ನಲ್ಲಿ ಮೂರು ಕೆಲಸ ಸಾಕು. ಒಂದು, ಚಲನೆ ನಯಮಾಡುವ ಆಯ್ಕೆಯನ್ನು ಸಿನಿಮಾಗೆ ಆಫ್ ಮಾಡಿ, ಇಲ್ಲವಾದರೆ ಸಿನಿಮಾ ಕೂಡ ಧಾರಾವಾಹಿಯಂತೆ ಕಾಣುತ್ತದೆ. ಕ್ಯಾಮೆರಾ ಅಡ್ಡಕ್ಕೆ ಚಲಿಸುವಾಗ ಚಿತ್ರ ತೀರಾ ಜರ್ಕ್ ಹೊಡೆದರೆ 10ರಲ್ಲಿ 2ಕ್ಕೆ ಇಡಿ. ಎರಡು, ಶಾರ್ಪ್‌ನೆಸ್ ಇಳಿಸಿ. ಅಕ್ಷರದ ಅಂಚಿನಲ್ಲಿ ಬಿಳಿ ಗೆರೆ ಮಾಯವಾಗುವ ಜಾಗವೇ ಸರಿಯಾದ ಜಾಗ. ಕೆಲವು ಸೆಟ್‌ಗಳಲ್ಲಿ ಅದು 0, ಸೋನಿಯಲ್ಲಿ 50. ಮೂರು, ಪ್ರತಿ ಇನ್‌ಪುಟ್‌ಗೂ ಬೇರೆ ಮೋಡ್ ಇಡಿ: ಡಿಟಿಎಚ್‌ಗೆ ಸ್ಟ್ಯಾಂಡರ್ಡ್, ಪಿಎಸ್5ಗೆ ಗೇಮ್, ಓಟಿಟಿಗೆ ಫಿಲ್ಮ್‌ಮೇಕರ್. ಹಗಲು ಹೊತ್ತು ಬ್ಯಾಕ್‌ಲೈಟ್ ಏರಿಸಿದರೆ ತಪ್ಪಿಲ್ಲ, ಆದರೆ ಅಗ್ಗದ ಎಲ್‌ಇಡಿಯಲ್ಲಿ ಅದನ್ನು ಸದಾ 100ರಲ್ಲೇ ಇಟ್ಟರೆ ದೀಪದ ಪಟ್ಟಿಗಳು ಕಾದು ಬೇಗ ಕೈಕೊಡುತ್ತವೆ.

ಕರೆಂಟಿನ ವಿಷಯ: ಟಿವಿಯ ಹಿಂದಿನ ಚೀಟಿಯಲ್ಲಿ 100-240 ವೋಲ್ಟ್ ಎಂದಿದ್ದರೆ ಸ್ಟೆಬಿಲೈಸರ್ ಬೇಕಾಗಿಲ್ಲ. ಅರ್ಥಿಂಗ್ ಸರಿಯಿರುವ ಪಾಯಿಂಟ್ ಮತ್ತು ಒಳ್ಳೆಯ ಸ್ಪೈಕ್ ಗಾರ್ಡ್ ಬೇಕು. ಗುಡುಗು ಸಿಡಿಲಿನ ಹೊತ್ತಿನಲ್ಲಿ ಪ್ಲಗ್ ಕಿತ್ತರೆ ಸಾಲದು, ತಾರಸಿಯ ಡಿಶ್‌ನಿಂದ ಬಾಕ್ಸ್‌ಗೆ ಬರುವ ಕೇಬಲನ್ನೂ ಇಂಟರ್‌ನೆಟ್ ತಂತಿಯನ್ನೂ ಬಿಚ್ಚಿಡಿ. ಸಿಡಿಲಿನ ಹೊಡೆತ ಆ ದಾರಿಯಿಂದಲೂ ಬಾಕ್ಸ್ ಹಾದು ಎಚ್‌ಡಿಎಂಐ ಮೂಲಕ ಟಿವಿಯ ಬೋರ್ಡ್ ಸುಡುತ್ತದೆ. ಎಲ್ಲ ಪರೀಕ್ಷೆ ಮುಗಿದ ಮೇಲಷ್ಟೇ ಗೋಡೆಗೆ ಹಾಕಿಸಿ, ಪರದೆಯ ನಡುಭಾಗ ಸೋಫಾದಲ್ಲಿ ಕೂತವರ ಕಣ್ಣಿನ ಮಟ್ಟಕ್ಕೆ ಬರಲಿ. ಜೊತೆಗೆ ಬಂದ ಸ್ಕ್ರೂಗಳನ್ನೇ ಬಳಸಲು ಹೇಳಿ, ಉದ್ದದ ಸ್ಕ್ರೂ ಒಳಗಿನ ಬೋರ್ಡಿಗೆ ತಾಗಿದರೆ ವಾರಂಟಿಯೂ ಹೋಗುತ್ತದೆ. ಬದಲಿ ಅವಧಿ ಮುಗಿಯುವವರೆಗೆ ಪೆಟ್ಟಿಗೆ ಮತ್ತು ಥರ್ಮೊಕೋಲ್ ಅಟ್ಟದ ಮೇಲಿರಲಿ.